ಪಟ್ಟೆ ಅಕ್ಕ ಓರೆ ಬಳಿದ ಗೋಡೆ

ಗೋಡೆಗೆ ಬಣ್ಣ ಬಳಿಯುವವರು ಬೀದಿಗೆ ಹತ್ತು ಜನ ಸಿಗುತ್ತಾರೆ. ಆದರೆ ಕೋಣೆಯೊಳಗಿನ ಗೋಡೆಗೆ ಸೂರಿನಿಂದ ನೆಲದವರೆಗೆ ಅಂದವಾದ ಪಟ್ಟೆಗಳು ಬೇಕೆಂದರೆ ಎಲ್ಲರ ಬಾಯಲ್ಲೂ ಬರುತ್ತಿದ್ದದ್ದು ಒಂದೇ ಮಾತು: ಪಟ್ಟೆ ಅಕ್ಕನನ್ನು ಕರೆಸಿ. ತಮ್ಮನ ಹೆಂಡತಿಯಿಂದ ಹಿಡಿದು ಬಣ್ಣದಂಗಡಿಯ ಹಲ್ಲಿಲ್ಲದ ಮುದುಕನವರೆಗೆ ಎಲ್ಲರಿಗೂ ಅವಳು ಅಕ್ಕನೇ. ವಯಸ್ಸು ಐವತ್ತರ ಆಚೀಚೆ. ಕಡ್ಡಿಯಂಥ ಮೈ, ಕಿವಿಯ ಹಿಂದೆ ಸದಾ ಒಂದು ಪೆನ್ಸಿಲ್, ಉಗುರಿನ ಸಂದಿಯಲ್ಲಿ ಹೋದ ವಾರದ ಬಣ್ಣ. ಬಾಯಿ ಮಾತ್ರ ಮೈಗಿಂತ ದೊಡ್ಡದು.

ನೆಟ್ಟಗಿಲ್ಲದ್ದನ್ನು ಕಂಡರೆ ಅವಳಿಗೆ ಮೈಮೇಲೆ ಇರುವೆ ಹರಿದಂತಾಗುತ್ತಿತ್ತು. ಯಾರ ಮನೆಗೆ ಹೋದರೂ ಕೂರುವ ಮೊದಲು ಗೋಡೆಯ ಕ್ಯಾಲೆಂಡರನ್ನು ಸರಿ ಮಾಡಬೇಕು. ಹಲ್ಲಿನ ಡಾಕ್ಟರ ಕುರ್ಚಿಯಲ್ಲಿ ಬಾಯಿ ತೆರೆದು ಮಲಗಿದ್ದಾಗಲೂ ಎದುರಿನ ಫೋಟೋ ವಾಲಿದೆ ಎಂದು ಕೈಸನ್ನೆ ಮಾಡಿ, ಅವರು ಎದ್ದುಹೋಗಿ ಸರಿಪಡಿಸಿದ ಮೇಲೆಯೇ ಹಲ್ಲು ಕೀಳಿಸಿಕೊಂಡವಳು ಅವಳು. ಹರೆಯದಲ್ಲಿ ಒಬ್ಬ ಅವಳನ್ನು ಮದುವೆಯಾಗುವ ಮನಸ್ಸು ಮಾಡಿ ಮನೆಗೆ ಬಂದಿದ್ದ. ಅವನು ತನ್ನ ಕನಸುಗಳನ್ನೆಲ್ಲ ಒಂದೊಂದಾಗಿ ಹೇಳಿಕೊಳ್ಳುವಷ್ಟು ಹೊತ್ತೂ ಇವಳು ಅವನ ಅಂಗಿಯನ್ನೇ ನೋಡುತ್ತಿದ್ದಳು. ಒಂದು ಗುಂಡಿ ಬೇರೆ ಕಾಜಕ್ಕೆ ಬಿದ್ದಿತ್ತು. ಏನಂತೀಯ ಎಂದು ಅವನು ಕೇಳಿದಾಗ ಇವಳು ಉತ್ತರ ಹೇಳುವ ಬದಲು ಗುಂಡಿ ತೋರಿಸಿದಳು. ಪುಣ್ಯಾತ್ಮ ಮತ್ತೆ ಆ ಕಡೆ ತಲೆಹಾಕಲಿಲ್ಲ. ಗುಂಡಿ ಹಾಕಿಕೊಳ್ಳಲು ಬಾರದವನು ಸಂಸಾರ ಹೂಡುತ್ತಾನೆಯೇ ಎಂದು ಇವಳೂ ಏಣಿ ಹತ್ತಿ ತನ್ನ ಕೆಲಸ ನೋಡಿಕೊಂಡಳು.

ಪಟ್ಟೆ ಬಳಿಯುವುದು ಬಣ್ಣ ಬಳಿದಷ್ಟು ಸುಲಭವಲ್ಲ. ಮೊದಲು ಗೋಡೆಗೆಲ್ಲ ತಿಳಿಬಣ್ಣ. ಅದು ಒಣಗಿದ ಮೇಲೆ ದಾರದ ತುದಿಗೆ ತೂಕದ ಗುಂಡು ಕಟ್ಟಿ ಮೇಲಿನಿಂದ ಇಳಿಬಿಡಬೇಕು. ಗುಂಡು ಓಲಾಡಿ ಓಲಾಡಿ ನಿಂತಾಗ ದಾರ ಎಲ್ಲಿ ಹಾದಿರುತ್ತದೋ ಅದೇ ನೆಟ್ಟಗಿನ ಗೆರೆ, ಉಳಿದದ್ದೆಲ್ಲ ಬಾಯಿಮಾತು. ಆ ಗೆರೆಯ ಗುಂಟ ಟೇಪು ಅಂಟಿಸಿ, ಅದರ ಅಂಚಿಗೆ ಮೊದಲು ತಿಳಿಬಣ್ಣವನ್ನೇ ಇನ್ನೊಂದು ಸಲ ಎಳೆಯುತ್ತಿದ್ದಳು. ಟೇಪಿನಡಿಗೆ ಕದ್ದು ನುಸುಳುವ ಬಣ್ಣ ಏನಿದ್ದರೂ ಗೋಡೆಯ ಬಣ್ಣವೇ ಆಗಿರಲಿ, ಕಳ್ಳತನ ಕಾಣದಿರಲಿ ಎಂಬ ಉಪಾಯ. ಆಮೇಲೆ ಪಟ್ಟೆಯ ಬಣ್ಣ. ಅದು ಪೂರ್ತಿ ಒಣಗುವ ಮೊದಲೇ ಉಸಿರು ಬಿಗಿಹಿಡಿದು ಟೇಪನ್ನು ಸರ್ರನೆ ಎಳೆದರೆ ಚಾಕುವಿನಲ್ಲಿ ಕೊಯ್ದಂಥ ಅಂಚು ಹೊರಗೆ ಬರುತ್ತಿತ್ತು. ಆ ಗಳಿಗೆಯಲ್ಲಿ ಅವಳಿಗೆ ಪ್ರತಿ ಸಲವೂ ತಲೆ ಜುಮ್ಮೆನ್ನುತ್ತಿತ್ತು. ಏಣಿಯ ಮೇಲೆಯೇ ಎರಡು ಹೆಜ್ಜೆ ಕುಣಿದು ಮನೆಯವರ ಜೀವವನ್ನು ಬಾಯಿಗೆ ತರಿಸುತ್ತಿದ್ದಳು.

ಆದರೆ ಈ ಪಟ್ಟೆ ಎನ್ನುವುದು ಮಹಾ ಚಾಡಿಕೋರ. ಬರೀ ಬಣ್ಣವಾದರೆ ಗೋಡೆಯ ಓರೆಕೋರೆಯನ್ನೆಲ್ಲ ಹೊಟ್ಟೆಗೆ ಹಾಕಿಕೊಂಡು ಸುಮ್ಮನಿರುತ್ತದೆ. ಮೇಲಿನಿಂದ ಕೆಳಗೆ ನೆಟ್ಟನೆಯ ಪಟ್ಟೆ ಬಿತ್ತೋ, ಗೋಡೆಯ ಮೂಲೆ ಎಲ್ಲಿ ವಾಲಿದೆ ಎಂಬುದು ಬಂದುಹೋದವರಿಗೆಲ್ಲ ಕಾಣುತ್ತದೆ. ಹೀಗಾಗಿ ಗಾರೆ ಕೆಲಸದವರಿಗೂ ಅವಳಿಗೂ ಎಣ್ಣೆ ಸೀಗೆಕಾಯಿ ಸಂಬಂಧ. ಮೂಲೆ ವಾಲಿದೆ ಎಂದು ಅವಳು ಅಂದರೆ, ಕುಣಿಯಲಾರದವಳು ನೆಲ ಡೊಂಕು ಅಂದಳಂತೆ ಎಂದು ಅವರು ಗೊಣಗುತ್ತಿದ್ದರು. ಅವಳು ಮರುಮಾತಾಡದೆ ದಾರ ಇಳಿಬಿಟ್ಟು, ಅದರ ಪಕ್ಕದಲ್ಲಿ ಕೈಕಟ್ಟಿ ನಿಂತುಬಿಡುತ್ತಿದ್ದಳು.

ಈ ಗಾರೆಯವರಲ್ಲಿ ಒಬ್ಬನ ಕೈಯನ್ನು ಅವಳು ಮುಖ ನೋಡುವ ಮೊದಲೇ ಗುರುತಿಸಿದ್ದಳು. ಯಾವ ಮನೆಯಲ್ಲಾದರೂ ಸರಿ, ಅಂಗೈ ಆಡಿಸಿದರೆ ಸಾಕು, ಇದು ಅವನದೇ ಎಂದು ತಿಳಿಯುತ್ತಿತ್ತು. ಬೆಣ್ಣೆಯಂಥ ಮೈ, ಕಿಟಕಿಯ ಅಂಚುಗಳು ಮಗುವಿನ ಕೆನ್ನೆಯಷ್ಟು ನಯ. ಎಲ್ಲ ಸರಿ, ಆದರೆ ಎಡಗಡೆಯ ಕೊನೇ ಮೂಲೆಗೆ ಬರುವ ಹೊತ್ತಿಗೆ ಮನುಷ್ಯನಿಗೆ ಅದೇನಾಗುತ್ತಿತ್ತೋ, ಮೇಲ್ಗಡೆ ಎರಡು ಬೆರಳಿನಷ್ಟು ಹೊರಕ್ಕೆ ವಾಲಿಸಿಬಿಡುತ್ತಿದ್ದ. ಎಲ್ಲ ಮನೆಯಲ್ಲೂ ಅದೇ ಮೂಲೆ, ಅದೇ ಎರಡು ಬೆರಳು. ಅವಳು ಒಬ್ಬಳೇ ಏಣಿಯ ಮೇಲೆ ನಿಂತು ಗೋಡೆಯೊಂದಿಗೆ ಮಾತಾಡುವವಳು. ಹಾಗಾಗಿ ಮುಖ ಕಾಣದ ಆ ಮನುಷ್ಯನನ್ನು ವರ್ಷಗಟ್ಟಲೆ ಮನಸಾರೆ ಬೈದಿದ್ದಳು, ನಡುನಡುವೆ ಕಿಟಕಿಯ ಅಂಚು ಸವರಿ ಭೇಷ್ ಎಂದೂ ಅಂದಿದ್ದಳು.

ಗೋಡೆಗೂ ಕಿವಿ ಇರುತ್ತದೆ ಎಂದು ಹಿರಿಯರು ಸುಮ್ಮನೆ ಹೇಳಿಲ್ಲ. ಒಂದು ದಿನ ಹೊಸ ಮನೆಯೊಂದರಲ್ಲಿ ಗುಂಡು ಇಳಿಬಿಟ್ಟು ನೋಡಿದವಳಿಗೆ ಮತ್ತದೇ ಎರಡು ಬೆರಳು ಕಂಡಿತು. ರೇಗಿಹೋಯಿತು. ಈ ಮಹಾರಾಯ ಎಡಚ ಅನ್ನೋದಂತೂ ಖಂಡಿತ, ಅದರ ಮೇಲೆ ಹಸಿವು ತಡೆಯೋನಲ್ಲ, ಕೊನೇ ಮೂಲೆ ಬರುತ್ತಲೇ ಇವನ ಬುದ್ಧಿ ಬುತ್ತಿಗೆ ಓಡುತ್ತದೆ ಎಂದು ಸೂರು ಹಾರಿಹೋಗುವಂತೆ ಶುರುಮಾಡಿದಳು. ಕೆಳಗೆ, ಬಾಗಿಲ ಮರೆಯಲ್ಲಿ, ಕರೆಂಟಿನವರು ಕೊರೆದುಹೋದ ತೂತಿಗೆ ಗಾರೆ ಮೆತ್ತುತ್ತಾ ಒಬ್ಬ ಕುಕ್ಕರುಗಾಲಲ್ಲಿ ಕೂತಿದ್ದ. ಅವನು ತಲೆಯೆತ್ತದೆಯೇ ಅಂದ:

"ಎಡಚ ಹೌದು. ಹಸಿವಲ್ಲ. ಆ ಮೂಲೆಗೆ ಬರೋ ಹೊತ್ತಿಗೆ ಕತ್ತು ಹಿಡ್ಕೊಂಡಿರುತ್ತೆ."

ಪಟ್ಟೆ ಅಕ್ಕ ಏಣಿಯಿಂದ ಬೀಳಬೇಕಿತ್ತು. ಅವನು ಕರಣೆ ಬಿಸಾಕಿ ಏಣಿ ಹಿಡಿದುಕೊಂಡ. ನರೆತ ಮೀಸೆ, ಹುಬ್ಬಿನ ಮೇಲೆ ಸಿಮೆಂಟಿನ ಪುಡಿ, ಬೈಸಿಕೊಂಡರೂ ನಗುತ್ತಿದ್ದ ಕಣ್ಣು. ಅಂಗಿಯ ಗುಂಡಿಗಳು ಸರಿಯಾಗಿದ್ದವೋ ಇಲ್ಲವೋ ಎಂದು ಆಮೇಲೆ ತಮ್ಮನ ಹೆಂಡತಿ ಕೇಳಿದಾಗ, ನೋಡಲಿಲ್ಲವಲ್ಲ ಎಂದು ಅವಳಿಗೇ ಅಚ್ಚರಿಯಾಯಿತು. ನೆಟ್ಟಗೆ ಹೇಳಿಬಿಡುತ್ತೇನೆ: ಅವಳಿಗೆ ಆ ದಿನವೇ ಅವನ ಮೇಲೆ ಮನಸ್ಸಾಯಿತು. ಈ ವಯಸ್ಸಿನಲ್ಲಿ ಇದೇನು ಎಂದು ಮೂಗಿನ ಮೇಲೆ ಬೆರಳಿಡುವವರು ಇಟ್ಟುಕೊಳ್ಳಲಿ. ವಯಸ್ಸು ನೋಡಿ ಬರುವುದಕ್ಕೆ ಅದೇನು ಪಿಂಚಣಿಯೇ?

ಆಮೇಲೆ ಆ ಗಾರೆ ಮೇಸ್ತ್ರಿ ಅವಳು ಕೆಲಸ ಮಾಡುವ ಮನೆಗಳಿಗೆ ಏನಾದರೊಂದು ನೆಪ ಹುಡುಕಿಕೊಂಡು ಬರತೊಡಗಿದ. ಬಕೆಟ್ಟು ಬೋರಲು ಹಾಕಿ ಕೂತು ಇಬ್ಬರೂ ಟೀ ಕುಡಿಯುತ್ತಿದ್ದರು. ಅವನು ಹೆಂಡತಿಯನ್ನು ಕಳೆದುಕೊಂಡು ಬಹಳ ವರ್ಷವಾಗಿತ್ತು. ಒಬ್ಬಳೇ ಮಗಳು, ಬಟ್ಟೆ ಹೊಲಿಯುವವಳು, ಬಾಯಲ್ಲಿ ಯಾವಾಗಲೂ ಗುಂಡುಸೂಜಿ ಕಚ್ಚಿಕೊಂಡಿರುವವಳು. ಸೂಜಿ ಬಾಯಲ್ಲಿರುವಷ್ಟು ಹೊತ್ತು ಪರವಾಗಿಲ್ಲ, ಒಂದೊಂದಾಗಿ ತೆಗೆಯಲು ಶುರುಮಾಡಿದಳೆಂದರೆ ಎದುರಿಗಿದ್ದವರಿಗೆ ಕಾದಿದೆ ಎಂದರ್ಥ. ಹಿಂದೊಮ್ಮೆ ನೆಂಟರು ಮೇಸ್ತ್ರಿಗೆ ಒಂದು ಸಂಬಂಧ ತಂದಿದ್ದರು. ಬಂದಾಕೆ ಬಹಳ ಲಕ್ಷಣವಾಗಿದ್ದಳು. ಮಗಳು ಸೂಜಿಗಳನ್ನೆಲ್ಲ ತೆಗೆದಿಟ್ಟು, ಈ ಹೊಲಿಗೆ ಕೂಡಲ್ಲ ಎಂದಳು, ಅಲ್ಲಿಗೆ ಮುಗಿಯಿತು. ಈ ಕಥೆ ಕೇಳಿದ ಮೇಲೆ ಪಟ್ಟೆ ಅಕ್ಕ ಆ ಹುಡುಗಿ ಎದುರು ಬಂದರೆ ರಸ್ತೆ ದಾಟಿ ಆ ಬದಿಗೆ ಹೋಗುತ್ತಿದ್ದಳು.

ಹೀಗಿರುವಾಗ ಮಗಳು ಹೊಲಿಗೆ ಅಂಗಡಿ ತೆರೆಯುವುದೆಂದಾಯಿತು. ಬೀದಿಗೆ ಮುಖ ಮಾಡಿದ ಒಂದು ಕೋಣೆ. ಅದರ ಗಾರೆಯನ್ನೆಲ್ಲ ಮೇಸ್ತ್ರಿ ತಾನೇ ಮಾಡಿದ, ಬೇರೆ ಯಾರನ್ನೂ ಮುಟ್ಟಗೊಡಲಿಲ್ಲ. ಹತ್ತು ಮನೆಯಲ್ಲಿ ಕೈ ತಪ್ಪಿರಬಹುದು, ಮಗಳ ಗೋಡೆಯಲ್ಲಿ ಮಾತ್ರ ಎಳ್ಳಷ್ಟೂ ತಪ್ಪಿಲ್ಲ ಎಂದು ಬಂದವರಿಗೆಲ್ಲ ಬೆನ್ನು ತಟ್ಟುವಂತೆ ಗೋಡೆ ತಟ್ಟಿ ತೋರಿಸುತ್ತಿದ್ದ. ಆಮೇಲೆ ಪಟ್ಟೆ ಅಕ್ಕನ ಬಳಿ ಬಂದು, ಬಾಗಿಲಿಗೆ ಎದುರಾದ ದೊಡ್ಡ ಗೋಡೆಗೆ ಪಟ್ಟೆ ಬಳಿಯಬೇಕು ಎಂದ. ಹಾಲುಬಿಳಿಯ ಮೇಲೆ ಗಿಳಿಹಸಿರು, ನಾಲ್ಕು ಬೆರಳು ಅಗಲದ ಪಟ್ಟೆಗಳು. ಹೊರಟವನು ಬಾಗಿಲಲ್ಲಿ ನಿಂತು ಅಂದ:

"ಗೋಡೆ ಮುಗೀಲಿ, ಪಟ್ಟೆಯವರೇ. ನಿಮ್ಮ ಹತ್ರ ಒಂದು ಮಾತಿದೆ. ಮಗಳ ಎದುರಿಗೇ ಹೇಳ್ಬೇಕು."

ಆ ಮಾತು ಏನು ಎಂದು ಊಹಿಸಲು ಶಾಸ್ತ್ರ ಓದಬೇಕಿರಲಿಲ್ಲ. ಪಟ್ಟೆ ಅಕ್ಕನ ಕಾಲು ಅಂದಿನಿಂದ ನೆಲದ ಮೇಲೆ ನಿಲ್ಲಲಿಲ್ಲ. ಟೀಗೆ ಉಪ್ಪು ಹಾಕಿದಳು, ಕುಡಿದು, ಚೆನ್ನಾಗಿದೆ ಎಂದಳು. ಇಳಿಯುವ ನಿಲ್ದಾಣ ಬಿಟ್ಟು ಎರಡು ನಿಲ್ದಾಣ ಮುಂದೆ ಇಳಿದು, ಇಲ್ಲಿಗೆ ಯಾಕೆ ಬಂದೆ ಎಂದು ಅಲ್ಲಿದ್ದವರನ್ನೇ ಕೇಳಿದಳು. ಮನೆಯ ಕ್ಯಾಲೆಂಡರು ವಾಲಿ ನೇತಾಡುತ್ತಿತ್ತು, ಅವಳ ಕಣ್ಣಿಗೆ ಬೀಳಲೇ ಇಲ್ಲ. ತಮ್ಮನ ಹೆಂಡತಿ ಅದನ್ನು ನೋಡಿ, ಅಕ್ಕ, ಆ ಗೋಡೆ ಮುಗಿಯೋಕೆ ಮುಂಚೆ ನೀವೇ ಮುಗಿದುಹೋಗ್ತೀರಿ ಎಂದು ನಕ್ಕಳು. ನಗು ಒಂದು ಕಡೆ, ಹೆದರಿಕೆ ಇನ್ನೊಂದು ಕಡೆ. ಮಗಳು ಒಪ್ಪಬೇಕು. ಮಗಳು ಒಪ್ಪಬೇಕಾದರೆ ಗೋಡೆ ಒಪ್ಪವಾಗಬೇಕು. ಅವಳ ಲೆಕ್ಕ ಇಷ್ಟೇ ಇತ್ತು.

ಅಳತೆ ತೆಗೆಯಲು ಹೋದ ದಿನ ಮೇಸ್ತ್ರಿ ಜೊತೆಯಲ್ಲೇ ಇದ್ದ. ಅವಳು ಬಲಗಡೆಯ ತುದಿಯಿಂದ ಶುರುಮಾಡಿ ಗುಂಡು ಇಳಿಬಿಡುತ್ತಾ ಬಂದಳು. ಎಲ್ಲ ಚೆಂದ. ಎಡಗಡೆಯ ಕೊನೇ ಮೂಲೆಗೆ ಬಂದಳು. ಗುಂಡು ಓಲಾಡಿ ನಿಂತಿತು. ಮೇಲ್ಗಡೆ ಎರಡು ಬೆರಳು.

ನೆಟ್ಟನೆ ಪಟ್ಟೆ ಬಳಿದರೆ ಕೊನೆಯ ಪಟ್ಟೆ ಮೇಲೆ ಅಗಲ, ಕೆಳಗೆ ಕಿರಿದಾಗಿ, ಮರ ಸೀಳುವ ಬೆಣೆಯ ಹಾಗೆ ಕಾಣುತ್ತದೆ. ಎದುರಿನ ಗೋಡೆಗೆ ಮಗಳು ಆಗಲೇ ಆಳೆತ್ತರದ ಕನ್ನಡಿ ನಿಲ್ಲಿಸಿದ್ದಳು. ಅದರಲ್ಲಿ ಇನ್ನೊಂದು ಬೆಣೆ. ದಿನವೂ ಇಂಚು ಕಾಲಿಂಚು ಅಳೆಯುವ ಹುಡುಗಿಗೆ ಅಪ್ಪನ ಜಂಬವೆಲ್ಲ ಒಂದೇ ನೋಟಕ್ಕೆ ಬಯಲಾಗುತ್ತದೆ. ಪಟ್ಟೆ ಅಕ್ಕ ಗುಂಡನ್ನು ಸರಕ್ಕನೆ ಜೇಬಿಗಿಳಿಸಿ, ಗೋಡೆ ಬಹಳ ಚೆನ್ನಾಗಿದೆ ಎಂದಳು. ಗೋಡೆಯ ವಿಷಯದಲ್ಲಿ ಅವಳು ಹೇಳಿದ ಮೊದಲ ಸುಳ್ಳು ಅದು. ರೂಢಿ ಇಲ್ಲದ್ದರಿಂದ ಕಿವಿಯೆಲ್ಲ ಕೆಂಪಾಯಿತು. ಮೇಸ್ತ್ರಿ ಅವಳ ಮುಖವನ್ನೇ ಒಂದು ಗಳಿಗೆ ನೋಡಿ, ನೀವು ಎರಡು ದಿನ ಆರಾಮಾಗಿರಿ, ಒಳಗೆ ಪ್ರೈಮರು, ಬಿಳಿ ಎಲ್ಲ ನಾನೇ ಹೊಡೆದಿಟ್ಟಿರ್ತೀನಿ ಎಂದ. ಎಷ್ಟು ಒಳ್ಳೆಯವನು ಎಂದು ಅವಳು ದಾರಿಯುದ್ದಕ್ಕೂ ನಿಟ್ಟುಸಿರು ಬಿಟ್ಟಳು.

ಮನೆಯಲ್ಲಿ ಕೂತು ಉಪಾಯ ಹೂಡಿದಳು. ಎರಡು ಬೆರಳನ್ನು ಒಂದೇ ಕಡೆ ಮುಚ್ಚಲಾಗದು, ಆದರೆ ಗೋಡೆಯುದ್ದಕ್ಕೂ ಹಂಚಬಹುದಲ್ಲ? ಎರಡು ಅಳತೆ ಕೋಲು ಮಾಡಿಕೊಂಡಳು. ಕೆಳಗಿನ ಕೋಲು ಸರಿಯಾಗಿ ನಾಲ್ಕು ಬೆರಳು, ಮೇಲಿನದು ನಾಲ್ಕು ಬೆರಳು ಮತ್ತು ಒಂದು ಕೂದಲೆಳೆ. ಪ್ರತಿ ಪಟ್ಟೆಯೂ ಹಿಂದಿನದಕ್ಕಿಂತ ಕೂದಲೆಳೆಯಷ್ಟು ವಾಲುತ್ತಾ ಹೋದರೆ ಕೊನೆಯ ಪಟ್ಟೆ ಮೂಲೆಯ ಓರೆಗೆ ಸರಿಯಾಗಿ ಹೊಂದಿ ಕೂರುತ್ತದೆ. ಪಟ್ಟೆಯೂ ಓರೆ, ಮೂಲೆಯೂ ಓರೆ, ನೋಡುವವರಿಗೆ ಎರಡೂ ನೆಟ್ಟಗೆ. ಜೀವಮಾನವಿಡೀ ನೆಟ್ಟಗೆ ಬಳಿದವಳು ಈಗ ಇಡೀ ಗೋಡೆ ಸುಳ್ಳು ಬಳಿಯಲು ಹೊರಟಿದ್ದಳು, ಅದೂ ಹಾಡು ಗುನುಗುತ್ತಾ. ಗುಂಡನ್ನು ಮಾತ್ರ ಮನೆಯಲ್ಲೇ ಬಿಟ್ಟಳು. ಅದರ ಎದುರಿಗೆ ಆ ಕೆಲಸ ಮಾಡಲು ನಾಚಿಕೆ.

ಸಾಮಾನ್ಯವಾಗಿ ಅವಳು ಇಡೀ ಗೋಡೆಗೆ ಗುರುತು ಹಾಕಿಕೊಂಡೇ ಟೇಪಿಗೆ ಕೈ ಹಾಕುವವಳು. ಈ ಸಲ ಹಾಗೆ ಮಾಡಿದರೆ ಮೇಲಿನ ಗುರುತಿಗೂ ಕೆಳಗಿನ ಗುರುತಿಗೂ ತಾಳೆಯಿಲ್ಲದ್ದು ಮೇಸ್ತ್ರಿಯ ಕಣ್ಣಿಗೆ ಬಿದ್ದೀತು ಎಂದು, ಒಂದೊಂದೇ ಪಟ್ಟೆಗೆ ಗುರುತು, ಒಂದೊಂದೇ ಪಟ್ಟೆಗೆ ಬಣ್ಣ. ಕನ್ನಡಿಗೆ ಹಳೇ ದುಪ್ಪಟಿ ಹೊದಿಸಿದಳು. ಮುಗಿಯುವವರೆಗೆ ಯಾರೂ ಒಳಗೆ ಇಣುಕಬಾರದು ಎಂದು ಅಪ್ಪ ಮಗಳಿಬ್ಬರಿಗೂ ಕಟ್ಟುನಿಟ್ಟು ಮಾಡಿ ಬಾಗಿಲು ಹಾಕಿಕೊಂಡಳು. ಮಗಳು ಜಗಲಿಯ ಮೇಲೆ ಮಿಶನ್ ಇಟ್ಟುಕೊಂಡು ಟರ್ರ್ ಟರ್ರ್ ಎಂದು ಹೊಲಿಯುತ್ತಿದ್ದಳು. ಮೇಸ್ತ್ರಿ ಬಾಗಿಲ ಸಂದಿಯಿಂದ ಟೀ ಲೋಟ ಒಳಗೆ ತೂರಿಸಿ, ಹೊರಗೆ ನಿಂತು ಅಪಶ್ರುತಿಯಲ್ಲಿ ಹಾಡುತ್ತಿದ್ದ. ಅವಳು ಒಳಗಿನಿಂದ ಅದಕ್ಕಿಂತ ಕೆಟ್ಟದಾಗಿ ದನಿಗೂಡಿಸುತ್ತಿದ್ದಳು. ಮೂಗು ಗೋಡೆಗೆ ತಾಗುವಷ್ಟು ಹತ್ತಿರ ನಿಂತು ಬಳಿಯುವವಳಿಗೆ ಕಾಣುವುದು ಮುಂದಿರುವ ಪಟ್ಟೆ ಮಾತ್ರ. ಒಂದೊಂದು ಟೇಪು ಎಳೆದಾಗಲೂ ಅಂಚು ಕೊಯ್ದಂತೆ ಬರುತ್ತಿತ್ತು, ಅವಳು ಒಂದೊಂದು ಸಲ ಕುಣಿಯುತ್ತಿದ್ದಳು. ಈಗ ಮಾತು ಬಂದೇಬಿಟ್ಟಿತು, ಇನ್ನು ಹತ್ತು ಪಟ್ಟೆ, ಇನ್ನು ಐದು ಎಂದು ಮನಸ್ಸು ಏಣಿಗಿಂತ ಮೇಲೆ ಹತ್ತಿ ಕೂತಿತ್ತು.

ಕೊನೆಯ ಪಟ್ಟೆಗೆ ಬಂದಳು. ಕೆಳಗಿನ ಕೋಲು ಮೂಲೆಗೆ ಸರಿಯಾಗಿ ಕೂತಿತು. ಮೇಲೆ ಹತ್ತಿ ಮೇಲಿನ ಕೋಲು ಇಟ್ಟಳು. ಕೋಲು ಮೂಲೆಗೆ ಬಡಿದು ನಿಂತಿತು. ಎರಡು ಬೆರಳು ಜಾಗ ಸಾಲದು. ಕೋಲನ್ನು ತಿರುಗಿಸಿ ಇಟ್ಟಳು. ಕೋಲೇ ಬೆಳೆದಿದೆಯೇನೋ ಎಂದು ಬೆರಳಿನಿಂದ ಅಳೆದಳು. ಆಮೇಲೆ ಮೂಲೆಗೆ ಅಂಗೈ ಇಟ್ಟಳು. ಪಕ್ಕದ ಗೋಡೆ ಮೇಲ್ಗಡೆ ತಣ್ಣಗಿತ್ತು; ಹೊಸ ಗಾರೆಯ ತಂಪು ಅವಳ ಅಂಗೈಗೆ ಗೊತ್ತಿಲ್ಲದ್ದೇ? ಮೇಸ್ತ್ರಿ ಎರಡು ಬೆರಳು ದಪ್ಪ ತುಂಬಿಸಿ, ಕೆಳಗೆ ಬರುತ್ತಾ ತೆಳುವಾಗಿಸಿ, ಮಗುವಿನ ಕೆನ್ನೆಯಷ್ಟು ನಯವಾಗಿ ಒರೆಸಿದ್ದ. ಮೂಲೆ ಈಗ ಗೆರೆ ಕೊರೆದಂತೆ ನೆಟ್ಟಗಿತ್ತು.

ಅವಳು ಏಣಿ ಇಳಿದು, ಹಿಂದೆ ಹಿಂದೆ ಸರಿದು, ಮೊದಲ ಬಾರಿಗೆ ಇಡೀ ಗೋಡೆ ನೋಡಿದಳು. ಬಸ್ಸು ತಿರುವಿನಲ್ಲಿ ತಿರುಗಿದಾಗ ನಿಂತ ಪ್ರಯಾಣಿಕರೆಲ್ಲ ಒಂದೇ ಕಡೆಗೆ ವಾಲುತ್ತಾರಲ್ಲ, ಹಾಗೆ ಗಿಳಿಹಸಿರು ಪಟ್ಟೆಗಳೆಲ್ಲ ಎಡಕ್ಕೆ ವಾಲಿ ನೆಟ್ಟನೆಯ ಮೂಲೆಯ ಮೇಲೆ ಬೀಳಲು ಹೊರಟಿದ್ದವು. ಕೊನೆಯಲ್ಲಿ ಉಳಿದ ಜಾಗ ತಲೆಕೆಳಗಾದ ಬೆಣೆ. ಅವಳಿಗೆ ಏನು ತೋಚಿತು ಎಂದು ಕೇಳಬೇಡಿ. ಬಾಯಿಂದ ಸಣ್ಣದೊಂದು ಕೂಗು ಹೊರಟಿತು, ಅದನ್ನು ಕೇಳಿ ಮೇಸ್ತ್ರಿ ಟೀ ಲೋಟದ ಸಮೇತ ಒಳಗೆ ನುಗ್ಗಿದ.

ಗೋಡೆ ನೋಡಿ ಗರ ಬಡಿದವನಂತೆ ನಿಂತ. ಮೆಲ್ಲಗೆ ಅವನ ತಲೆ ಪಟ್ಟೆಗಳ ಜೊತೆಗೇ ಎಡಕ್ಕೆ ವಾಲಿತು. ಹಿಂದೆಯೇ ಮಗಳು ಬಂದಳು, ಕೊರಳಲ್ಲಿ ಅಳತೆ ಪಟ್ಟಿ, ಬಾಯಲ್ಲಿ ಸೂಜಿಗಳು. ನೋಡಿದವಳಿಗೆ ತಲೆ ಗಿರ್ರೆಂದಿತೋ ಏನೋ, ಆಸರೆಗೆಂದು ಪಕ್ಕದ ದುಪ್ಪಟಿ ಹಿಡಿದಳು. ದುಪ್ಪಟಿ ಜಾರಿ ಬಿತ್ತು. ಕನ್ನಡಿಯಲ್ಲಿ ಇನ್ನೊಂದು ಗೋಡೆ, ಅದು ಬಲಕ್ಕೆ ವಾಲಿತ್ತು. ಎರಡೂ ಕಡೆಯಿಂದ ಪಟ್ಟೆಗಳು ಮೈಮೇಲೆ ಬಂದಂತಾಗಿ ಮೂವರೂ ದೋಣಿಯಲ್ಲಿ ನಿಂತವರ ಹಾಗೆ ಕಾಲು ಅಗಲಿಸಿ ನಿಂತರು.

ಮೇಸ್ತ್ರಿಯೂ ಪಟ್ಟೆ ಅಕ್ಕನೂ ಒಟ್ಟಿಗೆ ಬಾಯಿಬಿಟ್ಟರು. ನೀವು ಯಾಕೆ ಓರೆ ಬಳಿದಿರಿ ಎಂದು ಅವನು. ನೀವು ಯಾಕೆ ನೆಟ್ಟಗೆ ಮಾಡಿದಿರಿ ಎಂದು ಅವಳು. ನೀವು ಗುಂಡನ್ನು ಜ್ವರ ಬಂದವಳ ಹಾಗೆ ಜೇಬಿಗೆ ತುರುಕಿದಾಗಲೇ ನನಗೆ ಗೊತ್ತಾಯಿತು, ನೀವು ಹೋದ ಮೇಲೆ ನಾನೂ ಇಳಿಬಿಟ್ಟು ನೋಡಿದೆ, ನಿಮ್ಮ ಪಟ್ಟೆಗೆ ನನ್ನಿಂದ ಕೆಟ್ಟ ಹೆಸರು ಬರಬಾರದು ಅಂತ ಬೇಗ ಒಣಗುವ ಗಾರೆ ತಂದು ತುಂಬಿದೆ ಎಂದು ಅವನು. ನಿಮ್ಮ ಮರ್ಯಾದೆ ಮಗಳ ಮುಂದೆ ಹೋಗಬಾರದು ಅಂತ ಕೂದಲೆಳೆ ಕೂದಲೆಳೆ ವಾಲಿಸಿದೆ ಎಂದು ಅವಳು. ಹೇಳಬಾರದಿತ್ತೇ ಎಂದು ಇಬ್ಬರೂ. ಪ್ರೈಮರಿನ ನೆಪ ಯಾಕೆ ಹೇಳಿದಿರಿ, ಬಾಗಿಲು ಯಾಕೆ ಹಾಕಿಕೊಂಡಿರಿ ಎಂದು ಇಬ್ಬರೂ. ಅಷ್ಟರಲ್ಲಿ ಮಗಳು ಬಾಯಿಂದ ಮೊದಲ ಸೂಜಿ ತೆಗೆದು ತೋಳಿಗೆ ಚುಚ್ಚಿಕೊಂಡಳು. ಇಬ್ಬರೂ ಒಂದೊಂದು ಹೆಜ್ಜೆ ಹಿಂದೆ ಸರಿದರು.

ಎರಡನೆಯ ಸೂಜಿ ತೆಗೆದಳು. ಮೂರನೆಯದು. ಪಟ್ಟೆ ಅಕ್ಕನ ತಲೆ ಗೋಡೆಗಿಂತ ಹೆಚ್ಚಾಗಿ ತಿರುಗುತ್ತಿತ್ತು. ಇಷ್ಟು ವರ್ಷದಲ್ಲಿ ಮೊದಲ ಸಲ ಆಸೆಪಟ್ಟದ್ದು ತನ್ನ ಕೈಯಾರೆ, ತನ್ನ ಬ್ರಷ್ಷಿನಿಂದಲೇ ಹಾಳಾಯಿತಲ್ಲ ಎಂದು ದುಃಖ. ಅದೇ ಹೊತ್ತಿಗೆ, ನನ್ನ ಪಟ್ಟೆಗೋಸ್ಕರ ಈ ಮನುಷ್ಯ ಕತ್ತು ನೋವಿನಲ್ಲಿ ಇಡೀ ಮೂಲೆ ಎಬ್ಬಿಸಿದನಲ್ಲ ಎಂದು ಕುಣಿಯುವಷ್ಟು ಸಂತೋಷ. ಯಾವುದಕ್ಕೆ ಜಾಗ ಕೊಡಬೇಕೋ ತಿಳಿಯದೆ, ಎಲ್ಲಕ್ಕೂ ಬಿಳಿ ಬಳಿದು ಮತ್ತೆ ಸರಿಯಾಗಿ ಪಟ್ಟೆ ಹಾಕಿಕೊಟ್ಟು ಹೊರಟುಹೋಗ್ತೀನಮ್ಮ, ನನ್ನಿಂದ ನಿಮಗೆ ತೊಂದರೆಯಾಯ್ತು ಎಂದು ತೊದಲಿದಳು. ಮಗಳು ಕೊನೆಯ ಸೂಜಿ ತೆಗೆದಳು.

"ಅಪ್ಪ, ಆ ಮೂಲೆ ವಾಲಿತ್ತು ಅಂತ ಕನ್ನಡಿ ನಿಲ್ಲಿಸಿದ ದಿನವೇ ನನಗೆ ಕಂಡಿತ್ತು," ಎಂದಳು. "ಪಟ್ಟೆ ಬೇಡ ಅಂತ ಹೇಳೋಣ ಅಂದ್ರೆ, ಇವರನ್ನ ಕರೆಸ್ಬೇಕು ಅಂತ ನೀನು ಅಷ್ಟು ಕುಣೀತಿದ್ದೆ. ಸುಮ್ಮನಾದೆ."

ಮೇಸ್ತ್ರಿಯ ಮುಖ ಇಂಗು ತಿಂದ ಮಂಗನಂತಾಯಿತು. ಪಟ್ಟೆಯವಳನ್ನು ಕರೆಸುವ ಆಸೆಯಲ್ಲಿ, ಪಟ್ಟೆ ಬಿದ್ದರೆ ಮೊದಲು ಬಯಲಾಗುವುದು ತನ್ನ ಗೋಡೆಯೇ ಎಂಬುದನ್ನು ಮರೆತು, ತನ್ನ ಕಾಲ ಮೇಲೆ ತಾನೇ ಕಲ್ಲು ಎತ್ತಿಹಾಕಿಕೊಂಡಿದ್ದ. ಆ ಎರಡು ಬೆರಳನ್ನು ಒಬ್ಬರಿಗೊಬ್ಬರು ಹೇಳದೆ ಮೂವರೂ ಬಚ್ಚಿಟ್ಟಿದ್ದರು ಎಂದಾಯಿತು. ಮೊದಲು ನಕ್ಕದ್ದು ಯಾರು ಎಂದು ಆಮೇಲೆ ಬಹಳ ದಿನ ಜಗಳವಾಯಿತು. ಅಂತೂ ನಗು ಶುರುವಾದದ್ದು ನಿಲ್ಲಲಿಲ್ಲ. ಮೇಸ್ತ್ರಿ ಗೋಡೆಗೆ ಒರಗಲು ಹೋಗಿ, ಒದ್ದೆ ಬಣ್ಣ ಎಂದು ಅವಳು ಕೂಗುವಷ್ಟರಲ್ಲಿ ಬೆನ್ನಿಗೆ ಗಿಳಿಹಸಿರು ಪಟ್ಟೆ ಬಳಿದುಕೊಂಡ. ಅದೂ ಓರೆಯಾಗಿಯೇ ಬಿದ್ದಿತ್ತು. ಮಗಳು ನಕ್ಕು ನಕ್ಕು ನೆಲದ ಮೇಲೆ ಕೂತುಬಿಟ್ಟಳು. ಕೂತವಳು ಕಣ್ಣೊರೆಸಿಕೊಂಡು ಮೆಲ್ಲಗೆ ಮಾತಾಡಿದಳು. ಅಳತೆ ಕೊಡೋಕೆ ಬರೋರಲ್ಲಿ ಎಷ್ಟೋ ಜನಕ್ಕೆ ಒಂದು ಭುಜ ಇಳಿದಿರುತ್ತೆ, ಅವರಿಗೆ ಹೇಳಿ ನೋಯಿಸೋದ್ಯಾಕೆ ಅಂತ ಹೇಳದೆ ಆ ಕಡೆ ಒಳಗೆ ಒಂದಿಷ್ಟು ಹತ್ತಿ ಇಟ್ಟು ಹೊಲೀತೀನಿ, ಬಹಳ ಕಷ್ಟದ ಕೆಲಸ ಅದು, ಬೇಡವಾದವರಿಗೆ ಮಾಡಲ್ಲ ಎಂದಳು. ಆಮೇಲೆ ಅಪ್ಪನ ಕಡೆ ತಿರುಗಿದಳು.

"ಆ ಮಾತು ಹೇಳಿದ್ಯಾ?"

ಗೋಡೆ ಮುಗಿದ ಮೇಲೆ ಹೇಳೋಣ ಅಂತಿದ್ದೆ ಎಂದು ಮೇಸ್ತ್ರಿ ನೆಲ ನೋಡಿದ. ಈ ಗೋಡೆಯನ್ನ ಕಾಯ್ತಾ ಕೂತ್ರೆ ಇಬ್ಬರೂ ಮುದುಕರಾಗ್ತೀರಿ, ಈಗಲೇ ಹೇಳು ಎಂದು ಮಗಳು ಗದರಿಸಿದಳು. ಎಷ್ಟೋ ದಿನದಿಂದ ಉರುಹೊಡೆದ ಮಾತು ಅವನ ಬಳಿ ಇತ್ತು, ದೊಡ್ಡದು, ಆದಿ ಅಂತ್ಯ ಎಲ್ಲ ಸರಿಯಾಗಿದ್ದದ್ದು. ಆ ಹೊತ್ತಿಗೆ ಅದರಲ್ಲಿ ಒಂದು ಪದವೂ ನೆನಪಾಗಲಿಲ್ಲ. ಬೆನ್ನ ಮೇಲೆ ಹಸಿರು ಪಟ್ಟೆ ಹೊತ್ತುಕೊಂಡು, ಕೈಯಲ್ಲಿದ್ದ ತಣ್ಣಗಾದ ಟೀ ಲೋಟವನ್ನು ಅವಳ ಕಡೆ ಚಾಚಿ ಅಂದ:

"ನೀವು ಗೋಡೆಗೆ ಬೈಯೋದು ಕೇಳ್ತಾ ಇರ್ಬೇಕು ನನಗೆ. ದಿನಾ. ನಮ್ಮ ಮನೇಲಿ."

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎನ್ನುತ್ತಾರೆ. ಎರಡರ ಕಷ್ಟವೂ ಒಂದೇ ಕೋಣೆಯಲ್ಲಿ ಒಂದೇ ಗಳಿಗೆಗೆ ಅವಳ ತಲೆಯ ಮೇಲೆ ಬಂದು ಕೂತಿತ್ತು, ಆದರೆ ಅವಳಿಗೆ ಭಾರ ಎನ್ನಿಸಲಿಲ್ಲ. ಎಂದೂ ಮಾತಿಗೆ ಬರವಿಲ್ಲದ ಹೆಂಗಸಿಗೆ ಅಂದು ಹೂಂ ಎಂಬ ಒಂದಕ್ಷರ ಮಾತ್ರ ಸಿಕ್ಕಿತು. ಅದನ್ನೇ ಮೂರು ಸಲ ಹೇಳಿದಳು. ಟೀ ಲೋಟ ತೆಗೆದುಕೊಂಡು, ತಣ್ಣಗಿದ್ದದ್ದನ್ನು ಗಟಗಟನೆ ಕುಡಿದಳು. ಕಣ್ಣಲ್ಲಿ ನೀರು, ಬಾಯಲ್ಲಿ ನಗು, ಕಾಲ ಕೆಳಗಿನ ನೆಲ ಎಡಕ್ಕೋ ಬಲಕ್ಕೋ ತಿಳಿಯದು.

ಮಗಳು ನೆಲದಿಂದ ಎದ್ದು ಅವಳ ಹಿಂದೆ ಬಂದು ನಿಂತಳು. ಕೊರಳಿನ ಅಳತೆ ಪಟ್ಟಿ ತೆಗೆದು ಅವಳ ಬೆನ್ನಿಗೆ ಅಡ್ಡ ಹಿಡಿದಳು. ಪಟ್ಟೆ ಅಕ್ಕ ಹೆದರಿ ಕಡ್ಡಿಯ ಹಾಗೆ ನಿಂತಳು.

"ನೆಟ್ಟಗೆ ನಿಲ್ಲೋದು ಬೇಡ, ಸಹಜವಾಗಿ ನಿಂತ್ಕೊಳ್ಳಿ," ಎಂದು ಮಗಳು ಅವಳ ಬಲಭುಜದ ಮೇಲೆ ಅಂಗೈ ಇಟ್ಟಳು. "ಏಣಿ ಮೇಲೆ ಕೈ ಎತ್ತಿ ಎತ್ತಿ ಈ ಭುಜ ಇಳಿದುಹೋಗಿದೆ. ಮದುವೆ ಬಟ್ಟೆ ನಾನೇ ಹೊಲೀತೀನಿ. ಯಾರಿಗೂ ಗೊತ್ತಾಗಲ್ಲ."